ಗಿರಣಿ ಮೂಲೆಯ ಕಾನಡಿ ಕಾಕಾ

ನಿವೃತ್ತನಾದ ಗಂಡಸು ಮನೆಯಲ್ಲಿ ಎಲ್ಲಿ ಕೂತರೂ ಅದೇ ಆಗ ಗುಡಿಸಬೇಕಾದ ಜಾಗವಾಗಿರುತ್ತದೆ. ಧಾರವಾಡದಿಂದ ನಾಸಿಕ್‌ಗೆ ಬಂದು ಇಲ್ಲಿನ ಅಂಬಡ್‌ನ ಕಾರ್ಖಾನೆಯಲ್ಲಿ ಮೂವತ್ತು ವರ್ಷ ದುಡಿದು ಮನೆ ಸೇರಿದ ಮೊದಲ ವಾರದಲ್ಲೇ ನನಗಿದು ತಿಳಿಯಿತು. ಆಗ ನನ್ನ ಕೈಹಿಡಿದದ್ದು ಫೋನಿನ ನಕಾಶೆಯ ಒಂದು ತಪ್ಪು. ನಮ್ಮ ಹೌಸಿಂಗ್ ಸೊಸೈಟಿಯನ್ನು ಅದು ಹಿಂದಿನ ಗಲ್ಲಿಯ ಹಿಟ್ಟಿನ ಗಿರಣಿಯೊಳಗೆ ತೋರಿಸುತ್ತಿತ್ತು. ಪಾರ್ಸೆಲ್ ತರುವವರೆಲ್ಲ ಗಿರಣಿಯ ಗೋಡೆಗೆ ಮುಖ ಮಾಡಿ ನಿಂತು ಫೋನ್ ಮಾಡುತ್ತಿದ್ದರು. ನಾನು ಚಪ್ಪಲಿ ಮೆಟ್ಟಿಕೊಂಡು ಮೂಲೆಗೆ ಹೋಗಿ ಕೈ ಎತ್ತುತ್ತಿದ್ದೆ. ಮೊದಲು ನಮ್ಮ ಮನೆಗೆ ಬರುವವರಿಗೆ, ಆಮೇಲೆ ನೆರೆಯವರ ಮನೆಗೆ ಬರುವವರಿಗೂ. ಮೂರೇ ತಿಂಗಳಲ್ಲಿ ಸೊಸೈಟಿಯವರೆಲ್ಲ ವಿಳಾಸ ಹೇಳುವಾಗ ಕನ್ನಡದವನಾದ ನನ್ನನ್ನೇ ಗುರುತು ಮಾಡಿ, ಗಿರಣಿ ಮೂಲೆಯಲ್ಲಿ ಕಾನಡಿ ಕಾಕಾ ನಿಂತಿರುತ್ತಾರೆ, ಅಲ್ಲಿ ಎಡಕ್ಕೆ ತಿರುಗಿ ಎಂದು ಮರಾಠಿಯಲ್ಲಿ ಹೇಳತೊಡಗಿದರು. ಕಾರ್ಖಾನೆಯಲ್ಲಿ ನನಗೆ ಇಷ್ಟು ದೊಡ್ಡ ಹುದ್ದೆ ಸಿಕ್ಕಿರಲಿಲ್ಲ.

ಸಂಭಾಜಿನಗರದ ಚಿಕಲಠಾಣಾದಲ್ಲಿ ಕೆಲಸ ಮಾಡುವ ಮಗಳು ರಜೆಗೆ ಬಂದಳು. ನಾನು ಬಿಸಿಲಲ್ಲಿ ನಿಂತದ್ದು ನೋಡಿ ಮರುಗಿ, ನಕಾಶೆ ತಿದ್ದಿ, ತಿದ್ದುವುದು ಹೇಗೆಂದು ನನಗೂ ಕಲಿಸಿ, ತನ್ನ ಮರಾಠಿ ಬೆರೆತ ಕನ್ನಡದಲ್ಲಿ "ಅಪ್ಪಾ, ಆತಾ ಟೆನ್ಷನ್ ಇಲ್ಲ, ಆರಾಮ ಮನ್ಯಾಗ ಕೂಡ್ರಿ" ಎಂದಳು. ಅಲ್ಲಿಂದ ನನ್ನ ಫೋನ್ ಬಾಯಿ ಮುಚ್ಚಿತು. ಪಾರ್ಸೆಲ್‌ಗಳು ನೇರವಾಗಿ ಬಾಗಿಲಿಗೇ ಬಂದವು. ನಾನು ಮತ್ತೆ ಪೊರಕೆಗೆ ಅಡ್ಡ ಬರತೊಡಗಿದೆ. ಬೇಜಾರಾಯಿತು ಎಂದರೆ ಕಡಿಮೆಯಾದೀತು. ಧಾರವಾಡಕ್ಕೆ ಹೋದರೆ ನಾಸಿಕ್‌ನವರು ಬಂದರು ಎನ್ನುತ್ತಾರೆ, ಇಲ್ಲಿ ನಾನು ಕಾನಡಿ. ನನ್ನದು ಅಂತ ಇದ್ದದ್ದು ಆ ಮೂಲೆಯೊಂದೇ, ಅದೂ ಹೋಯಿತು.

ಒಂದು ಮಧ್ಯಾಹ್ನ ಇಡೀ ಸೊಸೈಟಿಯನ್ನು ಬೆರಳಿನಿಂದ ತಳ್ಳಿ ಮತ್ತೆ ಗಿರಣಿಯೊಳಗೆ ಕೂರಿಸಿದೆ. ಕಾರಣವೇನೆಂದು ನಕಾಶೆ ಕೇಳಿತು. ಸ್ಥಳ ತಪ್ಪಾಗಿದೆ ಎಂಬುದನ್ನು ಒತ್ತಿದೆ. ಎರಡು ದಿನ ವಿಚಾರ ಮಾಡಿ ಒಪ್ಪಿಕೊಂಡು ನನಗೆ ಧನ್ಯವಾದವನ್ನೂ ಹೇಳಿತು.

ಮರುವಾರ, ಮಗಳ ಮನೆಗೆ ಹೋಗಿದ್ದ ಹೆಂಡತಿ ಬಸ್ಸಿಳಿದು ರಿಕ್ಷಾ ಹತ್ತಿದಳು. ಇಪ್ಪತ್ತು ವರ್ಷದಿಂದ ಇದೇ ಸೊಸೈಟಿಯಲ್ಲಿ ಇದ್ದೇನೆ, ಎಡಕ್ಕೆ ತಿರುಗಿಸು ಎಂದು ಆಕೆ ಹೇಳಿದರೂ ರಿಕ್ಷಾದವನು ಫೋನನ್ನೇ ನಂಬಿ, ಎರಡು ಚೀಲಗಳ ಸಮೇತ ಗಿರಣಿ ಗೋಡೆಯೆದುರು ಇಳಿಸಿ ಹೋದ. ನನ್ನ ಫೋನ್ ಬಡಿದುಕೊಂಡಿತು. ಎದ್ದೆನೋ ಬಿದ್ದೆನೋ ಎಂದು ಓಡಿದೆ. ಮುಖದ ಖುಷಿಯನ್ನು ಮನೆಯಲ್ಲಿ ಬಿಟ್ಟು ಬರುವುದು ಮರೆತಿತ್ತು. ಆಕೆ ಗೋಡೆಯನ್ನೊಮ್ಮೆ, ನನ್ನನ್ನೊಮ್ಮೆ ನೋಡಿದಳು.

"ಚೀಲ ಹಿಡೀರಿ. ಇದನ್ನ ಯಾರು ಮಾಡ್ಯಾರಂತ ನಾ ಕೇಳೂದಿಲ್ಲ."

ಒಂದು ಚೀಲ ನನಗೆ ಕೊಟ್ಟು, ಇನ್ನೊಂದನ್ನು ತಾನೇ ಹಿಡಿದು ಮುಂದೆ ನಡೆದಳು. ನಾನು ಖಾಲಿಯಿದ್ದ ಕೈ ಎತ್ತಿ, ನಮ್ಮ ಮನೆಗೆ ಎಡಕ್ಕೆ ತಿರುಗಬೇಕೆಂದು ಆಕೆಗೆ ತೋರಿಸಿದೆ.