ಒಂದಕ್ಷರ ಹೆಚ್ಚು

ಕಚೇರಿಯಲ್ಲಿ ಅವನನ್ನು ಎಲ್ಲರೂ ‘ಹೂಂ ಗುಮಾಸ್ತ’ ಎನ್ನುತ್ತಿದ್ದರು. ಯಾರು ಏನು ಕೇಳಿದರೂ ‘ಹೂಂ’ ಎಂದುಬಿಡುವುದು ಅವನ ಹುಟ್ಟುಗುಣ. ಹೋದ ವಾರ ಸಾಹೇಬರು, “ದೂರದ ಶಾಖೆಗೆ ಹೋಗ್ತೀರಾ?” ಎಂದು ಕೇಳಿದಾಗಲೂ ಬಾಯಿಂದ ಬಂದದ್ದು ಅದೇ. ಹೋದರೆ ತಿಂಗಳಿಗೊಮ್ಮೆ ಮನೆಯ ಮುಖ ಕಂಡರೆ ಪುಣ್ಯ. ಎರಡು ವರ್ಷದ ಮಗಳಿಗೋ, ಅಪ್ಪನ ಹೆಗಲಿಲ್ಲದೆ ನಿದ್ದೆಯೇ ಬಾರದು. ಇವತ್ತು ನಾಲ್ಕು ಗಂಟೆಗೆ ವರ್ಗಾವಣೆ ಆದೇಶಕ್ಕೆ ಸಹಿ ಬೀಳಲಿತ್ತು.

“ಊಹೂಂ ಅಂದ್ಬಿಡಿ,” ಎಂದಳು ಹೆಂಡತಿ, ಊಟದ ಡಬ್ಬಿ ಕೈಗಿಡುತ್ತ. “ಹೂಂಗಿಂತ ಒಂದಕ್ಷರ ಹೆಚ್ಚು, ಅಷ್ಟೇ. ಅದನ್ನೂ ನಾನೇ ಬಂದು ಹೇಳ್ಬೇಕಾ?”

ದಾರಿಯುದ್ದಕ್ಕೂ ಅಭ್ಯಾಸ ಮಾಡಿದ. ಬಸ್ಸಿನಲ್ಲಿ ಕಂಡಕ್ಟರ್ “ಟಿಕೆಟ್ ಆಯ್ತಾ?” ಎಂದಾಗ ‘ಊಹೂಂ’ ಎಂದು, ಇನ್ನೊಂದು ಟಿಕೆಟ್ ತೆಗೆದುಕೊಂಡ.

ಮೂರೂವರೆಗೆ ಧೈರ್ಯ ಮಾಡಿ ಹೋದರೆ ಸಾಹೇಬರ ಕುರ್ಚಿ ಖಾಲಿ. ಹುಡುಕುತ್ತ ಸಭಾಂಗಣಕ್ಕೆ ಹೋದರೆ, ಅಲ್ಲಿ ಯಾರೋ ಕಲಾವಿದೆ ಸಿಬ್ಬಂದಿಗೆಲ್ಲ ಹೊಸ ಬಗೆಯ ವಿಡಿಯೋ ಕಲೆ ತೋರಿಸುತ್ತಿದ್ದಳು. ಪರದೆಯ ಮೇಲೆ ಒಬ್ಬ ಮನುಷ್ಯ ಕೂತು, ತಲೆಯಾಡಿಸುತ್ತ ‘ಹೂಂ, ಹೂಂ’ ಎನ್ನುತ್ತಿದ್ದ. ಕತೆಯಿಲ್ಲ, ಹಾಡಿಲ್ಲ, ಮುಗಿಯುವ ಲಕ್ಷಣವೂ ಇಲ್ಲ. ಅರ್ಧ ಗಂಟೆಯಿಂದ ಅದನ್ನೇ ನೋಡುತ್ತಿದ್ದವರು, ಸಾಹೇಬರೂ ಸೇರಿ, ತಾವೂ ತಲೆಯಾಡಿಸುತ್ತ ಹೂಂಗುಟ್ಟುತ್ತಿದ್ದರು.

ಗುಮಾಸ್ತನಿಗೆ ಕನ್ನಡಿ ನೋಡಿದಂತಾಗಿ ನಾಚಿಕೆಯಾಯಿತು. ಬೆಳಗಿನಿಂದ ನಾಲಿಗೆಯ ತುದಿಯಲ್ಲಿದ್ದ ಮಾತು ತಾನಾಗಿ ಹೊರಬಿತ್ತು.

“ಊಹೂಂ.”

ಕಲಾವಿದೆ ಓಡಿ ಬಂದು ಕೈ ಕುಲುಕಿದಳು. “ಎಷ್ಟೋ ಕಡೆ ತೋರಿಸ್ದೆ ಸಾರ್, ಎಲ್ರೂ ಕುರಿಗಳ ಥರ ತಲೆಯಾಡಿಸ್ತಾರೆ. ಎಚ್ಚರ ಇರೋರು ನೀವೊಬ್ರೇ.”

ಕುರಿ ಎನಿಸಿಕೊಳ್ಳುವುದು ಯಾರಿಗಿಷ್ಟ? ಮುಂದಿನ ಸಾಲು ‘ಊಹೂಂ’ ಎಂದಿತು. ಹಿಂದಿನ ಸಾಲೂ ಎಂದಿತು. ನೋಡನೋಡುತ್ತಿದ್ದಂತೆ ಇಡೀ ಸಭಾಂಗಣ ಒಂದೇ ತಾಳದಲ್ಲಿ ‘ಊಹೂಂ, ಊಹೂಂ’. ಟೀ ತಂದವಳು “ಟೀ ಬೇಕಾ?” ಎಂದರೆ ಅದಕ್ಕೂ ಊಹೂಂ. ಆ ಕಚೇರಿಯಲ್ಲಿ ಟೀ ವಾಪಸ್ಸು ಹೋದದ್ದು ಅದೇ ಮೊದಲು. ಎಲ್ಲರ ಜೊತೆ ಗುಮಾಸ್ತನೂ ತಾಳ ತಪ್ಪದೆ ತಲೆ ಅಲ್ಲಾಡಿಸುತ್ತಿದ್ದ.

ಸಾಹೇಬರಿಗೆ ಅವನ ಮೇಲೆ ಅಭಿಮಾನ ಉಕ್ಕಿತು. ಆದೇಶದ ಕಾಗದ ಹಿಡಿದು ಹತ್ತಿರ ಬಂದರು. “ನಿಮ್ಮಂಥೋರು ಇಲ್ಲೇ ಇರ್ಬೇಕು ಕಣ್ರೀ. ಇದನ್ನ ಹರಿದು ಹಾಕ್ಲಾ?”

“ಊಹೂಂ,” ಎಂದಿತು ಸಭಾಂಗಣ. ಎಲ್ಲರಿಗಿಂತ ಗಟ್ಟಿಯಾಗಿ ಎಂದವನು ಗುಮಾಸ್ತ.

“ಏನ್ ನಿಷ್ಠೆ ರೀ ನಿಮ್ದು,” ಎಂದು ಸಾಹೇಬರು ನಿಂತಲ್ಲೇ ಸಹಿ ಹಾಕಿದರು.

ಸಂಜೆ ಬಾಗಿಲಲ್ಲೇ ಮಗಳು ಹೆಗಲೇರಿದಳು. ಹೆಂಡತಿ ಆಸೆಯಿಂದ ಕೇಳಿದಳು.

“ಸಾಹೇಬ್ರಿಗೆ ಊಹೂಂ ಅಂದ್ರಾ?”

“ಹೂಂ,” ಎಂದ ಅವನು.