ಗದ್ದುಗೆಗೆ ಬಂದ ನೋಟೀಸು

ಶಿವ ನನ್ನ ಮನೆಯಲ್ಲಿ ಮಾತಾಡುವವಳನ್ನು ಕರೆದುಕೊಂಡ, ಆದರೆ ನಗಿಸುವವರನ್ನು ದಾರಿಯುದ್ದಕ್ಕೂ ಇಟ್ಟಿದ್ದಾನೆ. ಕಮಲಾಪುರದ ನಮ್ಮ ಹೊಲ ರಸ್ತೆಗೆ ಹೋಗುತ್ತದೆಂದು ಗೊತ್ತಾದಾಗಿನಿಂದ ಕಲಬುರಗಿಯ ಕಚೇರಿಗೆ ಎಷ್ಟು ಅಲೆದೆನೋ, ನಗು ಬಾರದ ದಿನವೇ ಇಲ್ಲ. ಉಳಿದ ಹೊಲದವರು ಹೆಚ್ಚಿನ ಪರಿಹಾರ ಕೇಳುತ್ತಿದ್ದರು. ನನ್ನದು ಒಂದೇ ಮಾತು: ಹೊಲದ ಮೂಲೆಯಲ್ಲಿ ಹೆಂಡತಿಯ ಗದ್ದುಗೆ ಇದೆ, ಅದನ್ನು ಅಗೆಯಬೇಡಿ. ನಮ್ಮಲ್ಲಿ ಲಿಂಗೈಕ್ಯರಾದವರನ್ನು ಕೂರಿಸಿಯೇ ಮಣ್ಣು ಕೊಡುತ್ತೇವೆ. ಕೂತವಳಿಗೆ ಏಳು ಅನ್ನುವುದು ಹೇಗೆ?

ಬಾಜೂ ಸೀಟು

ಅವಳಿದ್ದಾಗ ಬಸ್ಸು ನಿಲ್ಲುವುದೇ ತಡ, ನನಗಿಂತ ಮೊದಲು ಹತ್ತಿ ಪಕ್ಕದ ಸೀಟಿನ ಮೇಲೆ ಕೈಚೀಲ ಇಟ್ಟು, "ಲಗೂ ಬರ್ರಿ, ಎಷ್ಟೊತ್ತು ಹಿಡಕೊಂಡು ಕೂಡ್ಲಿ?" ಎಂದು ಕಿಟಕಿಯಿಂದ ಕೂಗುವಳು. ಈಗ ಚೀಲ ಇಡುವುದು ನನ್ನ ರೂಢಿಯಾಗಿದೆ.

ಒಮ್ಮೆ ಕಂಡಕ್ಟರ್ ಕೇಳಿದ, "ಮುತ್ಯಾ, ಇದು ಯಾರ ಸೀಟು?"

ಬಾಯಿ ತಪ್ಪಿ, "ನಮ್ಮ ಮನಿಯಾಕಿದು" ಅಂದೆ.

"ಎಲ್ಲಿದ್ದಾರ?"

"ಹೊಲದಾಗ."

"ಹೊಲದಾಗ ಕುಂತೋರಿಗಿ ಬಸ್ಸಿನ್ಯಾಗ ಯಾಕ್ರಿ ಸೀಟು?"

ಬಸ್ಸೆಲ್ಲ ನಕ್ಕಿತು. ನಾನೂ ನಕ್ಕು ಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡೆ.

ಪರಿಹಾರ

ಕಚೇರಿಗೆ ಹೋಗುವ ಮುಂಚೆ ಶರಣಬಸವೇಶ್ವರನ ಗುಡಿಗೆ ಹೋಗಿ ಕೈಮುಗಿಯದೆ ನನಗೆ ಕಾಲು ಮುಂದೆ ಬಾರದು. ಒಂದು ದಿನ ಗುಡಿಯ ಹೊರಗೆ ನಮ್ಮ ಪಕ್ಕದ ಹೊಲದವ ಸಿಕ್ಕ. ಅವನು ಕೇಳಿದ್ದಕ್ಕೆ, "ಪರಿಹಾರ ಇನ್ನಾ ಬಂದಿಲ್ಲೋ" ಅನ್ನುತ್ತಿದ್ದೆ. ಅಲ್ಲೇ ಪಂಚಾಂಗ ಹಿಡಿದು ಕೂತಿದ್ದ ಅಯ್ನೋರು ಕಿವಿಗೊಟ್ಟರು.

"ಪರಿಹಾರ ನಾ ಹೇಳ್ತೀನಿ ಬರ್ರಿ. ಯಾರ ಕಾಟ?"

"ಸರಕಾರದ್ದು ರೀ."

ಅಯ್ನೋರು ಪಂಚಾಂಗ ತಿರುವಿದರು, ಮುಚ್ಚಿದರು. "ಅದು ಶನಿಗಿಂತ ಜಬರ್ದಸ್ತ್ ಅದ. ಐದು ಸೋಮವಾರ ದೀಪ ಹಚ್ಚರಿ."

ಮನಸ್ಸು ಹಗುರಾಯಿತು. ಕಚೇರಿಯವರೂ "ಸೋಮವಾರ ಬರ್ರಿ" ಅನ್ನುತ್ತಿದ್ದರು. ಆದರೆ ಎಷ್ಟು ಸೋಮವಾರ ಎಂದು ಮೊದಲು ಹೇಳಿದವರು ಅಯ್ನೋರೇ.

ಬೇರೆ ವಾಸ

ಹೊಲ ಅಳೆಯಲು ಬಂದ ಸರ್ವೇಯರ್ ಮೈಸೂರು ಕಡೆಯ ಹುಡುಗ. ನಮ್ಮ ಬಿಸಿಲಿಗೆ ಬೆದರಿ ಬೇವಿನ ನೆರಳು ಬಿಟ್ಟು ಕದಲಲಿಲ್ಲ. ಗದ್ದುಗೆಯ ಮೇಲೆ ಮಳೆ ಬೀಳಬಾರದೆಂದು ನಾನು ತಗಡು ಹೊದಿಸಿ, ಮೂರು ಕಡೆ ತಟ್ಟಿ ಕಟ್ಟಿಸಿದ್ದೆ. ಹುಡುಗ ನೆರಳಿನಿಂದಲೇ ಅದಕ್ಕೆ ಕೈ ತೋರಿಸಿ ಕೇಳಿದ, "ಆ ಶೆಡ್ಡು ಯಾರದು?"

"ನಮ್ಮ ಮನಿಯಾಕಿದ್ರಿ."

"ಅಲ್ಲೇ ಇರ್ತಾರಾ?"

ಲಿಂಗದಲ್ಲಿ ಬೆರೆತವಳನ್ನು ಇಲ್ಲ ಅನ್ನಲು ನನ್ನ ನಾಲಗೆ ಹೊರಳುವುದಿಲ್ಲ. "ಹೂಂರಿ, ಅಲ್ಲೇ ಅದಾಳ."

"ನೀವು?"

"ನಾ ಊರಾಗಿನ ಮನ್ಯಾಗ ಒಬ್ಬನೇ ಇರ್ತೀನಿ."

ಹುಡುಗ ದನಿ ತಗ್ಗಿಸಿದ. "ಜಗಳ ಏನಾದ್ರೂ ಆಯ್ತಾ ಸಾರ್?"

"ಇಲ್ಲಪ್ಪಾ, ಶಿವನ ಇಚ್ಛಾ."

ಪಾಪ, ಏನು ತಿಳಿದುಕೊಂಡನೋ, ಏನೋ ಬರೆದುಕೊಂಡ. ಅವನು ಬರೆದದ್ದನ್ನು ಮುಂದೆ ಕಚೇರಿಯಲ್ಲಿ ಓದಿ ಹೇಳಿದರು: "ವಾಸದ ಶೆಡ್ಡು. ಹೆಂಡತಿ ಗಂಡನನ್ನು ಬಿಟ್ಟು ಬೇರೆ ಇದ್ದಾರೆ." ಸುಳ್ಳು ಅನ್ನುವಂತೆಯೂ ಇರಲಿಲ್ಲ.

ಅಮ್ಮಾರ, ಹೊರಗ ಬರ್ರಿ

ಬರೆದ ಮೇಲೆ ನೋಟೀಸು ಬಾರದೆ ಇದ್ದೀತೇ? ಶೆಡ್ಡು ಖಾಲಿ ಮಾಡಬೇಕೆಂದು ನೇರ ಅವಳ ಹೆಸರಿಗೇ ಬಂತು. ತಂದವರು ಕಚೇರಿಯ ಜವಾನ, ಗಾಜಿಪುರದ ಮುಸ್ಲಿಂ; ಸಾಹೇಬರೆಂದೇ ಎಲ್ಲರೂ ಕರೆಯುವುದು, ನನಗಿಂತ ತುಸು ಚಿಕ್ಕವರು. ನಾನು ಬಿಲ್ವಪತ್ರೆ ಹಿಡಿದು ಹೊಲಕ್ಕೆ ಬರುವಷ್ಟರಲ್ಲಿ ತಟ್ಟಿಯ ಹಿಂದೆ ನಿಂತು ಕೂಗುತ್ತಿದ್ದರು.

"ಅಮ್ಮಾರ, ನೋಟೀಸ್ ಬಂದದ, ಜರಾ ಹೊರಗ ಬರ್ರಿ!"

ನನ್ನನ್ನು ನೋಡಿ, "ಏನ್ರಿ ಮುತ್ಯಾ, ಅಮ್ಮಾರು ಭಾಳ ಸಿಟ್ಟಿನ್ಯಾಗ ಇದ್ದಂಗದ. ಮಾತೇ ಆಡವಲ್ಲರು."

"ನಾ ದಿನಾ ಬಂದು ಕರೀತೀನಿ ಸಾಹೇಬ್ರ. ನನಗೂ ಓ ಅಂದಿಲ್ಲ."

ಅವರು ಸುತ್ತಿ ಬಂದು ಒಳಗೆ ಇಣುಕಿದರು. ವಿಭೂತಿ, ನಿನ್ನೆಯ ಹೂವು. ಚಪ್ಪಲಿ ಬಿಟ್ಟು ಕೆನ್ನೆ ಬಡಿದುಕೊಂಡರು. "ತೋಬಾ ತೋಬಾ, ಮಾಫ್ ಮಾಡ್ರಿ ಅಮ್ಮಾ!" ನೋಟೀಸು ಮಡಚಿ ಕಿಸೆಗೆ ಹಾಕಿ ನಡೆದರು.

ಮರುದಿನ ಅಧಿಕಾರಿ ಮೇಡಮ್ಮನ್ನೇ ಕರೆದುಕೊಂಡು ಬಂದರು. ಮೇಡಮ್ಮು ಗದ್ದುಗೆಗೆ ಕೈಮುಗಿದು, ಸುತ್ತ ನೋಡಿ, "ಹೊಲದ ಅಂಚಿಗೇ ಅದ, ಅಜ್ಜಾರ. ಗುರುತಿನ ಕಲ್ಲು ಈಚೆ ಸರಿಸಿ ಬರೀತೀನಿ. ಆದ್ರ ಅಷ್ಟು ಜಾಗಾಕ್ಕ ಪರಿಹಾರ ಬರಂಗಿಲ್ಲ" ಅಂದರು.

"ಇದೇ ನನ್ನ ಪರಿಹಾರ, ತಾಯಿ."

ಶಿವನ ದಯೆ, ಮುಂದೆ ಅವರು ಬರೆದದ್ದೇ ನಿಂತಿತು. ಅವತ್ತು ಮಾತ್ರ, ಎಲ್ಲಿಯ ತನಕ ಬಿಡಬೇಕೆಂದು ನಾನು ಕೋಲಿನಿಂದ ಗೆರೆ ಎಳೆದಾಗ ಮೇಡಮ್ಮು ತಡೆದರು.

"ಒಂದು ಗದ್ದಿಗಿಗಿ ಇಷ್ಟು ಜಾಗಾ ಯಾಕ್ರಿ? ಬಾಜೂಕ ಖಾಲಿನೇ ಅದಲ್ಲ?"

"ಖಾಲಿ ಅಲ್ಲ ತಾಯಿ. ಆಕಿ ಮೊದಲೇ ಹತ್ತಿ, ನನಗಂತ ಹಿಡಕೊಂಡು ಕುಂತ ಸೀಟದು."

ಮೇಡಮ್ಮು ಸೆರಗಿನಿಂದ ಕಣ್ಣೊತ್ತಿಕೊಂಡರು. ಸಾಹೇಬರು ನನ್ನ ಹೆಗಲ ಮೇಲೆ ಕೈ ಇಟ್ಟು ಹೇಳಿದರು:

"ಸೀಟು ಎಲ್ಲಿಗೂ ಹೋಗಂಗಿಲ್ಲ, ಮುತ್ಯಾ. ಟಿಕೆಟಿಗಿ ಜಲ್ದಿ ಮಾಡಬ್ಯಾಡ್ರಿ."