ಹಚ್ಚೆಯ ಗಂಡು

ಸಮೋವಾದಲ್ಲಿ ಹೆಂಡತಿಯ ಊರಿಗೆ ಬಂದು ನೆಲೆಸಿದ ಗಂಡಸಿನ ಬೆಲೆ ಎಷ್ಟೆಂದು ನನ್ನನ್ನು ಕೇಳಿ. ಸಭಾಮಂದಿರದಲ್ಲಿ ಹಿರಿಯರು ಕಂಬಕ್ಕೊರಗಿ ಘನಗಂಭೀರವಾಗಿ ಮಾತಾಡುತ್ತಿದ್ದರೆ ನಾನು ಹಿತ್ತಲ ಒಲೆಯ ಬಳಿ ಕೆಸುವಿನ ಗೆಡ್ಡೆ ಹೆಚ್ಚುತ್ತಿರುತ್ತೇನೆ. ಹೆಚ್ಚಿದ್ದು ಸಾಕು, ಇನ್ನು ಹಚ್ಚೆಯೇ ಸೈ ಎಂದು ತೀರ್ಮಾನಿಸಿದೆ. ಸೊಂಟದಿಂದ ಮೊಣಕಾಲಿನವರೆಗೆ ಹಚ್ಚೆಯಿರುವ ಗಂಡುಗಲಿಯ ಕೈಗೆ ಯಾರು ತಾನೇ ಗೆಡ್ಡೆ ಕೊಡುತ್ತಾರೆ?

“ಬೇಡಾರೀ,” ಎಂದಳು ಹೆಂಡತಿ ಸೆಫಿನಾ. “ಅರ್ಧಕ್ಕೆ ಎದ್ದು ಬಂದ್ರೆ ಸಾಯೋತನಕ ‘ಮುತು’, ಮೊಟಕು ಹಚ್ಚೆಯೋನು ಅಂತಾರೆ. ಮನೆಮಂದಿಯೆಲ್ಲ ತಲೆ ತಗ್ಗಿಸ್ಬೇಕಾಗತ್ತೆ.”

“ನನ್ನ ಎದೆಗಾರಿಕೆ ನಿನಗೇನು ಗೊತ್ತು?”

“ಹಲ್ಲು ಕೀಳಿಸಿದಾಗ ನೋಡಿದೀನಲ್ಲ.”

ಇಷ್ಟು ಕೇಳಿದ ಮೇಲೆ ಸುಮ್ಮನಿರುವುದುಂಟೆ? ಹಚ್ಚೆ ಹಾಕುವ ಮುದುಕನನ್ನು ಕರೆಸಿಯೇಬಿಟ್ಟೆ. ಚಾಪೆಯ ಮೇಲೆ ಮಲಗಿದೆ. ಶಿಷ್ಯರಿಬ್ಬರು ಚರ್ಮ ಎಳೆದು ಹಿಡಿದರು. ಮಸಿಯಲ್ಲಿ ಅದ್ದಿದ ಹಂದಿಕೋರೆಯ ಹಣಿಗೆಯನ್ನು ಬೆನ್ನಿಗಿಟ್ಟು ಮುದುಕ ಕೋಲಿನಿಂದ ಕುಟ್ಟಿದ್ದೇ ತಡ, ನನ್ನ ಪೌರುಷ ಸಮುದ್ರದ ದಾರಿ ಹಿಡಿಯಿತು. ನಾನು ನೋವು ಮರೆಯಲೆಂದು ಸುತ್ತ ಕೂತ ಹೆಂಗಸರು ಹಾಡುತ್ತಿದ್ದರು. (ನಾನು ಕೂಗಿದಷ್ಟೂ ಅವರು ಶ್ರುತಿ ಏರಿಸಿದರು. ಆ ದಿನ ಊರಿಗೆಲ್ಲ ಒಳ್ಳೆಯ ಸಂಗೀತ ಸಿಕ್ಕಿತಂತೆ.)

ಮೂರನೆಯ ದಿನ ಜ್ವರವೆಂದು ನರಳಿದೆ. ಸೆಫಿನಾ ಹಣೆ ಮುಟ್ಟಿ ನೋಡಿದಳು.

“ಪಕ್ಕಕ್ಕೆ ಸರೀರಿ. ಮುದುಕಪ್ಪ ಸುಮ್ನೆ ಕೂತಿದಾರೆ.”

ಮುದುಕ ಮತ್ತು ಶಿಷ್ಯರನ್ನು ಬಿಟ್ಟು ಉಳಿದ ಗಂಡಸರನ್ನೆಲ್ಲ ಹೊರಗೆ ಕಳಿಸಿ, ಹಚ್ಚೆಗೆ ತಾನೇ ಮಲಗಿದಳು. ಹೆಂಗಸರ ಹಚ್ಚೆ ತೊಡೆಗೆ ಮಾತ್ರ, ನಿಜ. ಆದರೂ ಸಂಜೆಯವರೆಗೆ ಗೋಡೆಯಿಲ್ಲದ ಆ ಮನೆಯ ಚಾಪೆಮರೆಯಿಂದ ನನಗೆ ಕೇಳಿಸಿದ್ದು ಮೀನಿನ ಸಾರಿಗೆ ತೆಂಗಿನಹಾಲು ಎಷ್ಟು ಹಾಕಬೇಕೆಂಬ ಚರ್ಚೆಯೊಂದೇ. ಎದ್ದು ಬಂದವಳು ಕೇಳಿದಳು: “ಇಷ್ಟಕ್ಕಾ ಅಷ್ಟು ಕೂಗಿದ್ದು?”

ಮರುದಿನ ಬಾಯಿಗೆ ಬಟ್ಟೆ ತುರುಕಿಕೊಂಡು ಮಲಗಿದೆ. ಅಂತೂ ಹತ್ತು ದಿನಕ್ಕೆ ಹಚ್ಚೆ ಮುಗಿಯಿತು. ಹೆಮ್ಮೆಯಿಂದ ನನಗೆ ಅಳುವೇ ಬಂತು.

ಮೈಗೆ ಎಣ್ಣೆ ಬಳಿದುಕೊಂಡು ಮಿರಮಿರ ಮಿಂಚುತ್ತ ಸಭಾಮಂದಿರಕ್ಕೆ ಹೋಗಿ ಒಂದು ಕಂಬಕ್ಕೆ ಒರಗಿದೆ. ಸೆಫಿನಾಳ ತಮ್ಮ ಪೆನಿತಿ ಓಡಿ ಬಂದ.

“ಭಾವ, ಅದು ಹಿರಿಯರ ಜಾಗ, ಏಳಿ. ಪಂಚೆ ಮೇಲೆತ್ತಿ ಕಟ್ಟಿ, ಹಚ್ಚೆ ಚೆನ್ನಾಗಿ ಕಾಣ್ಲಿ. ಎಲ್ರಿಗೂ ಆವಾ ಪಾನಕ ಹಂಚ್ಬೇಕು, ಅದು ಹಚ್ಚೆಯವರದೇ ಕೆಲ್ಸ. ಹಂಚ್ತಿದ್ದ ಹಚ್ಚೆ ಹುಡುಗ ಆಕ್ಲೆಂಡಿಗೆ ಹೋದ್ಮೇಲೆ ಹಚ್ಚೆ ಹಾಕಿಸ್ಕೊಳ್ಳೋಕೆ ನಿಮ್ಮನ್ನ ಒಪ್ಪಿಸ್ತೀನಿ ಅಂತ ಅಕ್ಕ ಅಂದಿದ್ಲು.”

ಬಟ್ಟಲು ಹಿಡಿದು ಇಪ್ಪತ್ತು ಮಂದಿ ಹಿರಿಯರ ಮುಂದೆ ಬಗ್ಗಿ ಬಗ್ಗಿ ಎದ್ದೆ. ಮನೆಗೆ ಬಂದು ಸೆಫಿನಾಳ ಮೇಲೆ ಹಾರಾಡಿದೆ. “ನೀನೇ ಬೇಡ ಅಂದಿದ್ದೆಯಲ್ಲೇ.”

ಅವಳು ನನ್ನ ಉರಿಯುವ ಬೆನ್ನಿಗೆ ಎಣ್ಣೆ ಸವರುತ್ತ ಹೇಳಿದಳು: “ಬೇಡ ಅನ್ನದೆ ನೀವು ಯಾವ ಕೆಲ್ಸ ಮಾಡಿದೀರಿ?”